ಕೆಮ್ಮು ಒಂದೇ, ರೋಗ ಹಲವು: ರೇಷ್ಮೆ ಸೀಮೆಯ ರೈತರು ತಿಳಿದಿರಬೇಕಾದ ಶ್ವಾಸಕೋಶದ ದೀರ್ಘಕಾಲದ ರೋಗಗಳು

ಟೊಮೆಟೊ ಗಿಡ ಬಾಡಿತೆಂದರೆ ಅದಕ್ಕೆ ಒಂದೇ ಕಾರಣವಿರುವುದಿಲ್ಲ ಎಂಬುದು ಚಿಂತಾಮಣಿ ಸೀಮೆಯ ರೈತರಿಗೆಲ್ಲ ತಿಳಿದ ಸಂಗತಿ. ನೀರಿನ ಕೊರತೆಯಿಂದ ಬಾಡಬಹುದು. ದುಂಡಾಣು ಸೊರಗು ರೋಗದಿಂದ ಬಾಡಬಹುದು. ಬೇರಿನಲ್ಲಿ ಗಂಟು ಕಟ್ಟುವ ಜಂತುಹುಳುವಿನಿಂದಲೂ ಬಾಡಬಹುದು. ಸಂಜೆ ಗಿಡ ಚೇತರಿಸಿಕೊಳ್ಳುತ್ತದೆಯೇ ಎಂದು ನೋಡುತ್ತೇವೆ. ಒಂದು ಗಿಡ ಕಿತ್ತು ಬೇರು ಪರೀಕ್ಷಿಸುತ್ತೇವೆ. ಕಾಂಡವನ್ನು ಕತ್ತರಿಸಿ ನೀರಿನ ಲೋಟದಲ್ಲಿ ಹಿಡಿದು ಬಿಳಿಯ ಲೋಳೆ ಇಳಿಯುವುದೇ ಎಂದು ನೋಡುತ್ತೇವೆ. ಅನಂತರವೇ ಉಪಚಾರ.

ಆದರೆ ಮನೆಯವರ ಕೆಮ್ಮು, ದಮ್ಮಿನ ವಿಷಯದಲ್ಲಿ ನಾವು ಇಷ್ಟು ವಿಚಾರಣೆ ಮಾಡುವುದಿಲ್ಲ. ‘ಅವರಿಗೆ ದಮ್ಮಿದೆ’ ಎಂದು ಒಂದೇ ಮಾತಿನಲ್ಲಿ ಹೇಳಿ ಮುಗಿಸುತ್ತೇವೆ. ಔಷಧದಂಗಡಿಯಿಂದ ಕೆಮ್ಮಿನ ಸಿರಪ್ ತರುತ್ತೇವೆ, ಇಲ್ಲವೆ ಯಾರೋ ಕೊಟ್ಟ ದಮ್ಮಿನ ಪುಡಿ ನುಂಗುತ್ತೇವೆ. ಒಂದು ರೋಗಕ್ಕೆ ಬೇಕಾದ ಔಷಧಿ ಇನ್ನೊಂದಕ್ಕೆ ಉಪಯೋಗವಾಗದು. ಕೆಲವು ಸಲ ಕೇಡನ್ನೂ ಮಾಡೀತು. ಅಷ್ಟರಲ್ಲಿ ಗುಣವಾಗಬಹುದಾಗಿದ್ದ ರೋಗ ಬಲಿತಿರುತ್ತದೆ.

ಬೇಸಾಯ ಶಾಸ್ತ್ರದವರಿಗೆ ಈ ವಿಷಯವೇಕೆ ಎಂದು ಕೆಲವರು ಕೇಳಬಹುದು. ಈ ರೋಗಗಳಲ್ಲಿ ಹಲವಕ್ಕೆ ಮೂಲ ನಮ್ಮ ಕಣದಲ್ಲಿ, ಹುಲ್ಲಿನ ಬಣವೆಯಲ್ಲಿ, ಹುಳು ಸಾಕಣೆ ಮನೆಯಲ್ಲಿ, ನೂಲು ಬಿಚ್ಚುವ ಘಟಕದಲ್ಲಿ ಮತ್ತು ಅಡಿಗೆ ಮನೆಯಲ್ಲಿದೆ. ರೋಗವನ್ನು ನಿರ್ಣಯಿಸುವುದು ವೈದ್ಯರ ಕೆಲಸ. ರೋಗದ ಮೂಲವನ್ನು ತಗ್ಗಿಸುವುದು ನಮ್ಮ ಕೆಲಸ. ಕೈವಾರ, ಚಿಂತಾಮಣಿ, ಶಿಡ್ಲಘಟ್ಟ, ಗೌರಿಬಿದನೂರು, ಚಿಕ್ಕಬಳ್ಳಾಪುರದ ಸುತ್ತಿನ ರೈತ ಕುಟುಂಬಗಳನ್ನು ಮನಸ್ಸಿನಲ್ಲಿಟ್ಟುಕೊಂಡು ಈ ರೋಗಗಳನ್ನು ಇಲ್ಲಿ ವಿವರಿಸಲಾಗಿದೆ.

ಶ್ವಾಸಕೋಶದ ರಚನೆ

ಹನಿ ನೀರಾವರಿ ಅಳವಡಿಸಿದ ಹಿಪ್ಪುನೇರಳೆ ತೋಟವನ್ನು ನೆನಪಿಗೆ ತಂದುಕೊಳ್ಳಿ. ಒಂದು ಮುಖ್ಯ ಕೊಳವೆ, ಅದರಿಂದ ಉಪ ಕೊಳವೆಗಳು, ಅವುಗಳಿಂದ ಸಾಲಿಗೊಂದು ಸಣ್ಣ ಕೊಳವೆ, ಅದರಲ್ಲಿ ಹನಿ ಬಿಡುವ ರಂಧ್ರಗಳು, ಅದರ ಕೆಳಗೆ ಮಣ್ಣು. ಶ್ವಾಸಕೋಶವೂ ಹೀಗೆಯೇ ಇದೆ. ಗಂಟಲಿನಿಂದ ಇಳಿಯುವ ಶ್ವಾಸನಾಳ ಎರಡಾಗಿ, ನಾಲ್ಕಾಗಿ ಕವಲೊಡೆಯುತ್ತಾ ಕೂದಲೆಳೆಯಷ್ಟು ಸಣ್ಣದಾಗುತ್ತದೆ. ಕೊನೆಯಲ್ಲಿ ದ್ರಾಕ್ಷಿ ಗೊಂಚಲಿನಂತೆ ಗಾಳಿಚೀಲಗಳಿವೆ. ಇವುಗಳ ಸಂಖ್ಯೆ ಸುಮಾರು 30ರಿಂದ 50 ಕೋಟಿ. ಇವುಗಳ ತೆಳು ಗೋಡೆಯ ಮೂಲಕ ಆಮ್ಲಜನಕ ರಕ್ತಕ್ಕೆ ಸೇರುತ್ತದೆ.

ತೋಟದ ತುದಿಗೆ ನೀರು ಬರದಿದ್ದರೆ ಕಾರಣ ಹಲವು. ಕೊಳವೆಯನ್ನು ಯಾರೋ ತುಳಿದು ನಿಂತಿರಬಹುದು. ಒಳಗೆ ಪಾಚಿ ಕಟ್ಟಿ ಕೊಳವೆ ಕಿರಿದಾಗಿರಬಹುದು. ಕೊಳವೆ ಸರಿಯಿದ್ದು ಮಣ್ಣೇ ಗಟ್ಟಿಯಾಗಿ ನೀರು ಇಂಗದಿರಬಹುದು. ಗೊದ್ದ, ಹುಳ ಕಡಿದಿರಬಹುದು. ಶ್ವಾಸಕೋಶದ ರೋಗಗಳ ವ್ಯತ್ಯಾಸವೂ ಇಷ್ಟೇ. ಆಸ್ತಮಾದಲ್ಲಿ ಕೊಳವೆ ಬಿಗಿದು ಮತ್ತೆ ಸಡಿಲವಾಗುತ್ತದೆ. ಸಿ.ಓ.ಪಿ.ಡಿ.ಯಲ್ಲಿ ಕೊಳವೆ ಶಾಶ್ವತವಾಗಿ ಕಿರಿದಾಗುತ್ತದೆ. ರೈತನ ಶ್ವಾಸಕೋಶ ರೋಗದಲ್ಲಿ ಮತ್ತು ಸಿಲಿಕೋಸಿಸ್‌ನಲ್ಲಿ ಗಾಳಿಚೀಲದ ಸುತ್ತಲಿನ ಅಂಗಾಂಶ ಗಡುಸಾಗುತ್ತದೆ. ಕ್ಷಯದಲ್ಲಿ ರೋಗಾಣುಗಳು ಅಂಗಾಂಶವನ್ನು ತಿನ್ನುತ್ತವೆ.

1. ಆಸ್ತಮಾ (ಉಬ್ಬಸ, ಗೂರಲು)

ಇದು ಬಂದು ಹೋಗುವ ರೋಗ. ಕೆಲವರ ಶ್ವಾಸನಾಳಗಳು ಧೂಳು, ಪರಾಗ, ಹೊಗೆ, ಚಳಿಗಾಳಿಗೆ ಅತಿಯಾಗಿ ಸ್ಪಂದಿಸಿ ಊದಿಕೊಂಡು ಬಿಗಿಯುತ್ತವೆ. ಎದೆಯಲ್ಲಿ ಸಿಳ್ಳೆಯಂತಹ ಸದ್ದು, ರಾತ್ರಿ ಅಥವಾ ಬೆಳಗಿನ ಜಾವದ ಕೆಮ್ಮು, ಎದೆ ಬಿಗಿತ ಇದರ ಲಕ್ಷಣಗಳು. ಆಕ್ರಮಣ ಕಳೆದ ಮೇಲೆ ರೋಗಿ ಹೆಚ್ಚು ಕಡಿಮೆ ಸರಿಯಾಗಿರುತ್ತಾನೆ. ಎಷ್ಟೋ ಜನರಿಗೆ ಚಿಕ್ಕಂದಿನಲ್ಲೇ ಆರಂಭವಾಗುತ್ತದೆ. ಮನೆಯಲ್ಲಿ ಇತರರಿಗೂ ಉಬ್ಬಸ, ಸೀನು, ಇಸುಬು ಇರುವುದುಂಟು.

ನಮ್ಮ ಸೀಮೆಯಲ್ಲಿ ವಿಶೇಷವಾಗಿ ಗಮನಿಸಬೇಕಾದುದು ಕೆಲಸದಿಂದ ಬರುವ ಆಸ್ತಮಾ. ರೇಷ್ಮೆ ಗೂಡನ್ನು ಬೇಯಿಸಿ ನೂಲು ತೆಗೆಯುವಾಗ ಗೂಡಿನ ಅಂಟು ಮತ್ತು ಒಳಗಿನ ಪ್ಯೂಪಾದ ಪ್ರೋಟೀನು ಕಣಗಳು ಹಬೆಯೊಡನೆ ಗಾಳಿಗೆ ಸೇರುತ್ತವೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಪಿ.ವಿ. ಸುಬ್ಬರಾವ್ ಮತ್ತು ಸಂಗಡಿಗರು ರೇಷ್ಮೆ ಫಿಲೇಚರ್‌ಗಳಲ್ಲಿ ನಡೆಸಿ 1985ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಕೆಲಸಗಾರರಲ್ಲಿ ಮೂರನೇ ಒಂದು ಭಾಗಕ್ಕಿಂತ ಹೆಚ್ಚು ಮಂದಿಗೆ ಉಬ್ಬಸವಿರುವುದು ಕಂಡುಬಂದಿತು. ಗೂಡು ಮತ್ತು ಪ್ಯೂಪಾದಿಂದ ತೆಗೆದ ಸತ್ತ್ವಕ್ಕೆ ಚರ್ಮದ ಪರೀಕ್ಷೆಯಲ್ಲಿ ಅಲರ್ಜಿಯೂ ಕಂಡುಬಂದಿತು. ಬಿತ್ತನೆ ಕೋಠಿಗಳಲ್ಲಿ ಚಿಟ್ಟೆಯ ರೆಕ್ಕೆಯಿಂದ ಉದುರುವ ಪುಡಿಯೂ ಇದೇ ತೊಂದರೆ ಕೊಡುತ್ತದೆ. ಹುಳು ಮನೆ ಶುದ್ಧಿಗೆ ಬಳಸುವ ಫಾರ್ಮಾಲಿನ್ ಆವಿ ಶ್ವಾಸನಾಳವನ್ನು ಕೆರಳಿಸುತ್ತದೆ.

ಈ ಬಗೆಯ ಆಸ್ತಮಾ ಕೆಲಸಕ್ಕೆ ಸೇರಿದ ದಿನವೇ ಬರುವುದಿಲ್ಲ. ತಿಂಗಳುಗಳು, ಕೆಲವರಿಗೆ ವರ್ಷಗಳು ಕಳೆದ ಮೇಲೆ ಬರುತ್ತದೆ. ಆದುದರಿಂದ ‘ಹತ್ತು ವರ್ಷದಿಂದ ಇದೇ ಕೆಲಸ ಮಾಡುತ್ತಿದ್ದೇನೆ, ಈಗೇಕೆ ಬರಬೇಕು?’ ಎಂಬ ವಾದ ಸರಿಯಲ್ಲ. ಗುರುತಿಸುವ ಕೀಲಿ ಒಂದೇ: ಕೆಲಸದ ದಿನಗಳಲ್ಲಿ ಹೆಚ್ಚು, ರಜೆಯಲ್ಲಿ ಅಥವಾ ಊರಿಗೆ ಹೋದಾಗ ಕಡಿಮೆ. ಬೇಗ ಗುರುತಿಸಿ ಆ ಕೆಲಸದಿಂದ ದೂರವಾದರೆ ಗುಣವಾಗುವ ಸಂಭವ ಹೆಚ್ಚು. ವರ್ಷಗಟ್ಟಲೆ ಹಾಗೆಯೇ ದುಡಿದರೆ ಕೆಲಸ ಬಿಟ್ಟ ಮೇಲೂ ರೋಗ ಉಳಿಯುತ್ತದೆ.

ಪಾರ್ಥೇನಿಯಂ ಕಳೆಯನ್ನೂ ಇಲ್ಲಿ ಹೇಳಬೇಕು. 1950ರ ದಶಕದಲ್ಲಿ ಪುಣೆಯಲ್ಲಿ ಮೊದಲು ಗಮನಕ್ಕೆ ಬಂದ ಈ ಕಾಂಗ್ರೆಸ್ ಗಿಡ ನಮ್ಮ ಬೀಳು ಭೂಮಿ, ರಸ್ತೆ ಬದಿಗಳನ್ನೆಲ್ಲ ಆವರಿಸಿದೆ. ಇದರ ಪರಾಗ ಸೀನು, ಮೂಗು ಸೋರಿಕೆ, ಉಬ್ಬಸ ತರುತ್ತದೆ; ಗಿಡ ಸೋಕಿದರೆ ಚರ್ಮದಲ್ಲಿ ಗಂದೆ ಏಳುತ್ತದೆ. ಇದನ್ನು ತಿನ್ನುವ ಮೆಕ್ಸಿಕೋ ದೇಶದ ದುಂಬಿಯನ್ನು 1984ರಲ್ಲಿ ಬೆಂಗಳೂರಿನಲ್ಲಿ ಬಿಡಲಾಯಿತು. ಆದರೂ ಹೂ ಬಿಡುವ ಮೊದಲೇ ಕಳೆ ಕೀಳುವ ಕೆಲಸ ತಪ್ಪಿಲ್ಲ.

2. ಸಿ.ಓ.ಪಿ.ಡಿ. (ಶ್ವಾಸನಾಳ ಕಿರಿದಾಗುವ ದೀರ್ಘಕಾಲದ ರೋಗ)

ಇದು ನಿಧಾನವಾಗಿ ಬಂದು ನಿಂತು ಬಿಡುವ ರೋಗ. ಸಾಮಾನ್ಯವಾಗಿ 40 ವರ್ಷ ದಾಟಿದವರಲ್ಲಿ ಕಾಣುತ್ತದೆ. ಮೊದಲು ಬೆಳಗಿನ ಕೆಮ್ಮು, ಕಫ. ಅನಂತರ ದಿಣ್ಣೆ ಹತ್ತುವಾಗ ಏದುಸಿರು. ಕೊನೆಗೆ ಸ್ನಾನ ಮಾಡಲೂ ದಮ್ಮು. ಆಸ್ತಮಾದಂತೆ ನಡುವೆ ಪೂರ್ಣ ಬಿಡುವು ಸಿಕ್ಕುವುದಿಲ್ಲ. ಹಾಳಾದ ಗಾಳಿಚೀಲಗಳು ಮತ್ತೆ ಬೆಳೆಯುವುದಿಲ್ಲ. 2018ರಲ್ಲಿ ಪ್ರಕಟವಾದ ದೇಶವ್ಯಾಪಿ ಅಂದಾಜಿನಲ್ಲಿ, ಭಾರತದಲ್ಲಿ ಸಾವಿಗೆ ಕಾರಣವಾಗುವ ರೋಗಗಳಲ್ಲಿ ಹೃದ್ರೋಗದ ನಂತರದ ಸ್ಥಾನ ಇದರದೇ ಆಗಿತ್ತು.

ಬೀಡಿ, ಸಿಗರೇಟು ಇದಕ್ಕೆ ಪ್ರಮುಖ ಕಾರಣ. ಆದರೆ ಎಂದೂ ಬೀಡಿ ಮುಟ್ಟದ ನಮ್ಮ ತಾಯಂದಿರಿಗೂ ಈ ರೋಗ ಬರುತ್ತಿದೆ. ಇದಕ್ಕೆ ಕಾರಣ ಸೌದೆ ಒಲೆಯ ಹೊಗೆ. ಮೈಸೂರಿನ ಜೆ.ಎಸ್.ಎಸ್. ವೈದ್ಯಕೀಯ ಕಾಲೇಜಿನ ವೈದ್ಯರು ಗ್ರಾಮಾಂತರ ಮಹಿಳೆಯರಲ್ಲಿ ನಡೆಸಿ 2013ರಲ್ಲಿ ಪ್ರಕಟಿಸಿದ ಅಧ್ಯಯನ ಒಂದು ಸುಲಭ ಲೆಕ್ಕ ಕೊಟ್ಟಿದೆ. ದಿನಕ್ಕೆ ಎಷ್ಟು ಗಂಟೆ ಒಲೆಯ ಮುಂದೆ ಕುಳಿತಿರಿ ಎಂಬುದನ್ನು ಎಷ್ಟು ವರ್ಷ ಎಂಬುದರಿಂದ ಗುಣಿಸಿ. ಗುಣಲಬ್ಧ 60 ಮುಟ್ಟಿದರೆ ದೀರ್ಘಕಾಲದ ಶ್ವಾಸನಾಳದ ಉರಿಯೂತದ ಅಪಾಯ ಗಣನೀಯವಾಗಿ ಏರುತ್ತದೆ. ದಿನಕ್ಕೆ 3 ಗಂಟೆಯಂತೆ 20 ವರ್ಷ ಅಡಿಗೆ ಮಾಡಿದರೆ 60 ಆಯಿತು. ಹದಿನೆಂಟರಲ್ಲಿ ಒಲೆಯ ಮುಂದೆ ಕುಳಿತ ಹೆಣ್ಣುಮಗಳು ಮೂವತ್ತೆಂಟಕ್ಕೇ ಆ ಗೆರೆ ದಾಟುತ್ತಾಳೆ. ಅಡಿಗೆಯ ಹೊಗೆ ಸಾಲದೆಂಬಂತೆ ಮನೆಗೆ ಅಂಟಿಕೊಂಡೇ ಗೂಡು ಬೇಯಿಸುವ ಒಲೆಯೂ ಇದ್ದರೆ ಆಕೆಯ ಪಾಡು ಏನೆಂದು ಓದುಗರೇ ಊಹಿಸಬಹುದು.

3. ರೈತನ ಶ್ವಾಸಕೋಶ ರೋಗ

ಬೂಷ್ಟು ಹಿಡಿದ ಹುಲ್ಲು, ಧಾನ್ಯ ಕೆದಕಿದಾಗ ಏಳುವ ಶಿಲೀಂಧ್ರ ಮತ್ತು ಸೂಕ್ಷ್ಮಾಣು ಕಣಗಳು ಗಾಳಿಚೀಲದವರೆಗೂ ಇಳಿಯುವುದರಿಂದ ಬರುವ ರೋಗವಿದು. 1932ರಲ್ಲಿ ಇಂಗ್ಲೆಂಡಿನ ರೈತರಲ್ಲಿ ಮೊದಲು ವಿವರಿಸಿದ್ದರಿಂದ ಈ ಹೆಸರು ಬಂದಿತು. ಬೂಷ್ಟಿನ ಹುಲ್ಲು ಮುಟ್ಟಿದ 4ರಿಂದ 8 ಗಂಟೆಗಳ ನಂತರ ಜ್ವರ, ಮೈಕೈ ನೋವು, ಒಣ ಕೆಮ್ಮು, ದಮ್ಮು ಕಾಣಿಸಿ ಒಂದೆರಡು ದಿನದಲ್ಲಿ ಇಳಿಯುತ್ತವೆ. ಬೆಳಿಗ್ಗೆ ಬಣವೆ ಕೆದರಿ ರಾತ್ರಿ ಚಳಿಜ್ವರ ಬಂದರೆ ಯಾರಿಗೂ ಸಂಬಂಧ ಹೊಳೆಯುವುದಿಲ್ಲ. ಹೀಗೆ ಮತ್ತೆ ಮತ್ತೆ ಆದರೆ ಗಾಳಿಚೀಲದ ಸುತ್ತ ಕಲೆಗಟ್ಟಿ ಶ್ವಾಸಕೋಶ ಗಡುಸಾಗುತ್ತದೆ. ಇದರಲ್ಲಿ ಸಾಮಾನ್ಯವಾಗಿ ಸಿಳ್ಳೆ ಸದ್ದು ಇರುವುದಿಲ್ಲ.

ಅಣಬೆ ಬೇಸಾಯದ ಕೊಠಡಿಯಲ್ಲಿ ಅಣಬೆಯ ಬೀಜಕಣಗಳಿಂದ, ಪಾರಿವಾಳ ಹಾಗೂ ಕೋಳಿಯ ಒಣ ಹಿಕ್ಕೆಯ ಧೂಳಿನಿಂದ, ಬೂಷ್ಟು ಹಿಡಿದ ಕಬ್ಬಿನ ಸಿಪ್ಪೆಯಿಂದಲೂ ಇದೇ ಜಾತಿಯ ರೋಗ ಬರುತ್ತದೆ. ಶ್ವಾಸಕೋಶ ಗಡುಸಾಗುವ ರೋಗಿಗಳ ಬಗ್ಗೆ ಭಾರತದ 27 ಆಸ್ಪತ್ರೆಗಳಿಂದ ಸಂಗ್ರಹಿಸಿ 2017ರಲ್ಲಿ ಪ್ರಕಟಿಸಿದ ಮಾಹಿತಿಯಂತೆ, ಅವರಲ್ಲಿ ಹೆಚ್ಚು ಕಡಿಮೆ ಅರ್ಧದಷ್ಟು ಮಂದಿಗೆ ಇದ್ದುದು ಈ ಗುಂಪಿನ ರೋಗವೇ. ಪಟ್ಟಣದ ಮನೆಗಳಲ್ಲಿ ಕೊಳಕಾದ ಏರ್ ಕೂಲರ್‌ಗಳೂ ಕಾರಣವೆಂದು ಶಂಕಿಸಲಾಗಿದೆ.

4. ಸಿಲಿಕೋಸಿಸ್

ಮಳೆ ಕೈಕೊಟ್ಟ ವರ್ಷ ನಮ್ಮ ಭಾಗದ ಅನೇಕರು ಕಲ್ಲು ಕ್ವಾರಿ, ಜಲ್ಲಿ ಕ್ರಷರ್‌ಗಳಿಗೆ ಕೂಲಿಗೆ ಹೋಗುತ್ತಾರೆ. ಕಲ್ಲಿನ ಅತಿ ಸೂಕ್ಷ್ಮ ಧೂಳಿನಲ್ಲಿರುವ ಸಿಲಿಕಾ ಶ್ವಾಸಕೋಶದಲ್ಲಿ ಶಾಶ್ವತವಾಗಿ ಕುಳಿತು ಗಂಟುಗಳನ್ನು ಕಟ್ಟುತ್ತದೆ. ಸಾಮಾನ್ಯವಾಗಿ 10 ವರ್ಷಕ್ಕೂ ಹೆಚ್ಚು ಕಾಲದ ದುಡಿಮೆಯ ನಂತರ ದಮ್ಮು ಕಾಣಿಸುತ್ತದೆ. ನೆರೆಯ ಕೋಲಾರ ಚಿನ್ನದ ಗಣಿಯಲ್ಲಿ ಈ ರೋಗ ಎಷ್ಟು ವ್ಯಾಪಕವಾಗಿತ್ತೆಂದರೆ ಮೈಸೂರು ಸಂಸ್ಥಾನ 1940ರಲ್ಲಿ ಸಿಲಿಕೋಸಿಸ್ ನಿಯಮಗಳನ್ನೇ ರೂಪಿಸಬೇಕಾಯಿತು. ಆ ಗಣಿ 2001ರಲ್ಲಿ ಮುಚ್ಚಿತು. ಕಲ್ಲಿನ ಕೆಲಸ ಮಾತ್ರ ಬೇರೆಡೆ ನಡೆದೇ ಇದೆ. ಈ ರೋಗವನ್ನು ಗುಣಪಡಿಸುವ ಔಷಧಿಯಿಲ್ಲ, ತಡೆಯುವುದೊಂದೇ ದಾರಿ. ಇದಿದ್ದವರಿಗೆ ಕ್ಷಯ ಅಂಟುವ ಅಪಾಯವೂ ಹೆಚ್ಚು. ಆದುದರಿಂದ ವೈದ್ಯರಿಗೆ ಹಿಂದಿನ ಕಲ್ಲಿನ ಕೆಲಸದ ವಿಷಯವನ್ನು ತಪ್ಪದೆ ಹೇಳಬೇಕು.

5. ಕ್ಷಯ

ಇಲ್ಲಿ ಹೇಳಿದ ಐದರಲ್ಲಿ ಒಬ್ಬರಿಂದ ಒಬ್ಬರಿಗೆ ಹರಡುವುದು ಇದೊಂದೇ. ಔಷಧಿಯಿಂದ ಪೂರ್ಣ ಗುಣವಾಗುವುದೂ ಇದೇ. ಎರಡು ವಾರ ಮೀರಿದ ಕೆಮ್ಮು, ಸಂಜೆಯ ಜ್ವರ, ರಾತ್ರಿ ಬೆವರು, ತೂಕ ಇಳಿಯುವುದು, ಹಸಿವಿಲ್ಲದಿರುವುದು, ಕಫದಲ್ಲಿ ರಕ್ತ ಇದರ ಲಕ್ಷಣಗಳು.

1959ರಲ್ಲಿ ಬೆಂಗಳೂರಿನಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಕ್ಷಯರೋಗ ಸಂಸ್ಥೆಯು 1960ರ ದಶಕದ ಆರಂಭದಲ್ಲಿ ತುಮಕೂರು ಜಿಲ್ಲೆಯ ಹಳ್ಳಿಗಳಲ್ಲಿ ನಡೆಸಿದ ಅಧ್ಯಯನ ಪ್ರಪಂಚಕ್ಕೇ ಪಾಠವಾಯಿತು. ಹಳ್ಳಿಯವರಿಗೆ ರೋಗದ ಅರಿವಿಲ್ಲ, ಅವರು ಆಸ್ಪತ್ರೆಗೆ ಬರುವುದಿಲ್ಲ ಎಂದು ಆಗ ಅನೇಕರು ನಂಬಿದ್ದರು. ಡಿ. ಬ್ಯಾನರ್ಜಿ ಮತ್ತು ಸ್ಟಿಗ್ ಆಂಡರ್ಸನ್ ಮನೆ ಮನೆಗೆ ಹೋಗಿ ವಿಚಾರಿಸಿದಾಗ, ಕ್ಷಯ ರೋಗಿಗಳಲ್ಲಿ ಬಹುಪಾಲಿಗೆ ತಮ್ಮ ಲಕ್ಷಣಗಳ ಅರಿವಿತ್ತು. ಸುಮಾರು ಅರ್ಧದಷ್ಟು ಮಂದಿ ಆಗಲೇ ಆಸ್ಪತ್ರೆಗೆ ಹೋಗಿ ಬಂದಿದ್ದರು. ಆದರೆ ಕಫ ಪರೀಕ್ಷೆಯಾಗದೆ ಕೆಮ್ಮಿನ ಔಷಧಿಯೊಡನೆ ಹಿಂತಿರುಗಿದ್ದರು. ರೈತ ಬಾಂಧವರು ಇದರಿಂದ ಕಲಿಯಬೇಕಾದುದು ಇಷ್ಟು: ಎರಡು ವಾರಕ್ಕೂ ಹೆಚ್ಚು ಕೆಮ್ಮಿದ್ದರೆ ‘ಕಫ ಪರೀಕ್ಷೆ ಮಾಡಿಸಿ’ ಎಂದು ನೀವೇ ಕೇಳಿ. ಸರ್ಕಾರಿ ಆಸ್ಪತ್ರೆಗಳಲ್ಲಿ ಪರೀಕ್ಷೆ ಮತ್ತು ಔಷಧಿ ಉಚಿತ. ಚಿಕಿತ್ಸೆ ಸಾಮಾನ್ಯವಾಗಿ 6 ತಿಂಗಳು. ಚಿಕಿತ್ಸೆಯ ಕಾಲದಲ್ಲಿ ಪೌಷ್ಟಿಕ ಆಹಾರಕ್ಕೆಂದು ಕೇಂದ್ರ ಸರ್ಕಾರ ಕೊಡುವ ಹಣವನ್ನು 2024ರ ನವೆಂಬರಿನಿಂದ ತಿಂಗಳಿಗೆ 1000 ರೂಪಾಯಿಗೆ ಏರಿಸಲಾಗಿದೆ. ಎರಡು ತಿಂಗಳಲ್ಲಿ ಕೆಮ್ಮು ನಿಂತಿತೆಂದು ಮಾತ್ರೆ ಬಿಟ್ಟರೆ ರೋಗಾಣು ಔಷಧಿಗೆ ಬಗ್ಗದಂತಾಗುತ್ತದೆ. ಅರ್ಧ ಪ್ರಮಾಣದಲ್ಲಿ ಕೀಟನಾಶಕ ಹೊಡೆದಾಗ ಉಳಿದ ಹುಳುವಿನಂತೆ.

ಕ್ಷಯ ಗುಣವಾದ ಮೇಲೂ ಕೆಲವರಲ್ಲಿ ಶ್ವಾಸನಾಳ ಸಡಿಲವಾಗಿ ಹಿಗ್ಗಿ ದಿನವೂ ಬಹಳ ಕಫ ಬೀಳುತ್ತದೆ. ಇದು ಮರುಕಳಿಸಿದ ಕ್ಷಯವೋ ಹಳೆಯ ಗಾಯವೋ ಎಂಬುದನ್ನು ಪರೀಕ್ಷೆಯಿಂದಲೇ ತಿಳಿಯಬೇಕು.

ಒಂದೇ ನೋಟದಲ್ಲಿ ವ್ಯತ್ಯಾಸ

ಆಸ್ತಮಾ: ಯಾವ ವಯಸ್ಸಿನಲ್ಲಾದರೂ, ಬಂದು ಹೋಗುತ್ತದೆ, ರಾತ್ರಿ ಹೆಚ್ಚು, ಸಿಳ್ಳೆ ಸದ್ದು, ಹತೋಟಿ ಸಾಧ್ಯ.
ಸಿ.ಓ.ಪಿ.ಡಿ.: 40ರ ನಂತರ; ಬಿಡುವಿಲ್ಲದೆ ನಿಧಾನವಾಗಿ ಏರುತ್ತದೆ; ಬೀಡಿ ಅಥವಾ ಹೊಗೆಯ ಹಿನ್ನೆಲೆ; ಏರಿಕೆಯನ್ನು ತಗ್ಗಿಸಬಹುದು.
ರೈತನ ಶ್ವಾಸಕೋಶ: ಬೂಷ್ಟು, ಹಿಕ್ಕೆಯ ಧೂಳಿನ ನಂತರ ಕೆಲವು ಗಂಟೆಗೆ ಜ್ವರ, ಒಣ ಕೆಮ್ಮು, ಬೇಗ ದೂರವಾದರೆ ಗುಣ.
ಸಿಲಿಕೋಸಿಸ್: ಕಲ್ಲಿನ ಕೆಲಸದ ಹಿನ್ನೆಲೆ; ಜ್ವರವಿಲ್ಲದ ದಮ್ಮು; ಗುಣವಿಲ್ಲ.
ಕ್ಷಯ: ಜ್ವರ, ತೂಕ ಇಳಿಕೆ, ಕೆಲವರಿಗೆ ಕಫದಲ್ಲಿ ರಕ್ತ, ಹರಡುತ್ತದೆ, ಪೂರ್ಣ ಗುಣ ಸಾಧ್ಯ.

ಒಬ್ಬರಲ್ಲೇ ಎರಡು ರೋಗ ಇರಬಹುದೆಂಬುದನ್ನು ಮರೆಯಬಾರದು. ಈ ಪಟ್ಟಿ ಅನುಮಾನಕ್ಕೆ ದಾರಿ ತೋರುತ್ತದೆಯೇ ಹೊರತು ವೈದ್ಯರ ನಿರ್ಣಯಕ್ಕೆ ಬದಲಿಯಲ್ಲ.

ಊದುವ ಪರೀಕ್ಷೆ

ಕಫ ಪರೀಕ್ಷೆ, ಎಕ್ಸ್-ರೇ ಎಲ್ಲರಿಗೂ ಗೊತ್ತು. ಸ್ಪೈರೋಮೀಟರ್ ಎಂಬ ಊದುವ ಯಂತ್ರ ಅಷ್ಟಾಗಿ ಗೊತ್ತಿಲ್ಲ. ಎದೆ ತುಂಬ ಉಸಿರೆಳೆದು ಜೋರಾಗಿ ಊದಿದಾಗ, ಒಟ್ಟು ಗಾಳಿಯಲ್ಲಿ ಎಷ್ಟು ಭಾಗ ಮೊದಲ ಒಂದು ಸೆಕೆಂಡಿನಲ್ಲಿ ಹೊರಬಂತೆಂದು ಯಂತ್ರ ಅಳೆಯುತ್ತದೆ. ಕೊಳವೆ ಸರಿಯಿದ್ದವರಲ್ಲಿ ಇದು ಸಾಮಾನ್ಯವಾಗಿ ನೂರಕ್ಕೆ 70ಕ್ಕಿಂತ ಹೆಚ್ಚಿರುತ್ತದೆ. ಕಡಿಮೆಯಿದ್ದರೆ ಶ್ವಾಸನಾಳ ಅಗಲಿಸುವ ಔಷಧಿ ಕೊಟ್ಟು ಮತ್ತೊಮ್ಮೆ ಊದಿಸುತ್ತಾರೆ. ಚೆನ್ನಾಗಿ ಸುಧಾರಿಸಿದರೆ ಆಸ್ತಮಾ ಕಡೆಗೂ, ಔಷಧಿಯ ನಂತರವೂ 70 ಮುಟ್ಟದಿದ್ದರೆ ಸಿ.ಓ.ಪಿ.ಡಿ. ಕಡೆಗೂ ವೈದ್ಯರ ವಿಚಾರ ಹರಿಯುತ್ತದೆ. ಶ್ವಾಸಕೋಶವೇ ಗಡುಸಾದವರಲ್ಲಿ ಈ ಪ್ರಮಾಣ ಸರಿಯಿದ್ದು ಒಟ್ಟು ಗಾಳಿಯೇ ಕಡಿಮೆ ಇರುತ್ತದೆ. ನೋವಿಲ್ಲದ, ಕೆಲವೇ ನಿಮಿಷಗಳ ಪರೀಕ್ಷೆ ಇದು.

ಔಷಧಿಯ ಬಗ್ಗೆ ತಪ್ಪು ತಿಳಿವಳಿಕೆ

ಇನ್‌ಹೇಲರ್ ಚಟವಾಗುತ್ತದೆ, ಅದು ಕೊನೆಯ ಔಷಧಿ ಎಂಬ ನಂಬಿಕೆ ಹಳ್ಳಿಗಳಲ್ಲಿದೆ. ಇದು ತಪ್ಪು. ಮಾತ್ರೆ ಇಡೀ ದೇಹಕ್ಕೆ ಹರಡಿದರೆ ಇನ್‌ಹೇಲರ್ ಔಷಧಿ ಬೇಕಾದ ಜಾಗಕ್ಕೇ ಮುಟ್ಟುತ್ತದೆ. ಇಡೀ ಹೊಲಕ್ಕೆ ನೀರು ಹಾಯಿಸುವುದಕ್ಕೂ ಬುಡಕ್ಕೆ ಹನಿ ಬಿಡುವುದಕ್ಕೂ ಇರುವ ವ್ಯತ್ಯಾಸದಂತೆ. ಆದುದರಿಂದ ಅತಿ ಕಡಿಮೆ ಪ್ರಮಾಣ ಸಾಕಾಗುತ್ತದೆ. ಆಸ್ತಮಾದವರಿಗೆ ದಮ್ಮು ಬಂದಾಗ ಬಳಸುವ ಔಷಧಿ ಬೇರೆ, ಬಾರದಂತೆ ದಿನವೂ ಬಳಸುವ ಔಷಧಿ ಬೇರೆ ಇರಬಹುದು. ವೈದ್ಯರನ್ನು ಕೇಳಿ ತಿಳಿಯಿರಿ. ಸ್ಟೀರಾಯ್ಡ್ ಇನ್‌ಹೇಲರ್ ಬಳಸಿದ ಮೇಲೆ ಬಾಯಿ ಮುಕ್ಕಳಿಸಿ ಉಗಿಯಬೇಕು.

ಹೆಸರಿಲ್ಲದ ದಮ್ಮಿನ ಪುಡಿ, ಮಾತ್ರೆಗಳಲ್ಲಿ ಸ್ಟೀರಾಯ್ಡ್ ಬೆರೆಸಿರುವುದುಂಟು. ಮೊದಲ ದಿನವೇ ಆರಾಮವೆನಿಸುತ್ತದೆ. ತಿಂಗಳುಗಟ್ಟಲೆ ನುಂಗಿದರೆ ಸಕ್ಕರೆ ಕಾಯಿಲೆ, ಮೂಳೆ ಸವೆತ, ಕಣ್ಣಿನ ಪೊರೆ ಬರಬಹುದು. ಅಡಗಿದ್ದ ಕ್ಷಯ ಉಲ್ಬಣಿಸಬಹುದು.

ಕೈಗೊಳ್ಳಬೇಕಾದ ಕ್ರಮಗಳು

(1) ಅಡಿಗೆ ಮನೆ: ಸಾಧ್ಯವಾದಷ್ಟು ಗ್ಯಾಸ್ ಅಥವಾ ಗೋಬರ್ ಗ್ಯಾಸ್ ಬಳಸಿ. ಸೌದೆ ಅನಿವಾರ್ಯವಾದರೆ ಹೊಗೆ ಕೊಳವೆಯುಳ್ಳ ಒಲೆ ಕಟ್ಟಿಸಿ. ಭಾರತೀಯ ವಿಜ್ಞಾನ ಸಂಸ್ಥೆಯ ಅಸ್ತ್ರ ಒಲೆ 1980ರ ದಶಕದಲ್ಲಿ ಕರ್ನಾಟಕದ ಹಳ್ಳಿಗಳಿಗೆ ಬಂದದ್ದು ಸೌದೆ ಉಳಿಸಲು ಮತ್ತು ಹೊಗೆ ಹೊರಹಾಕಲು. ಕೊಳವೆಯ ಮಸಿಯನ್ನು ಆಗಾಗ ತೆಗೆಯದಿದ್ದರೆ ಯಾವ ಒಲೆಯೂ ಉಪಯೋಗವಿಲ್ಲ. ಸ್ನಾನದ ನೀರಿನ ಒಲೆಯನ್ನು ಮನೆಯ ಹೊರಗಿಡಿ.

(2) ನೂಲು ಬಿಚ್ಚಣಿಕೆ: ಬೇಯಿಸುವ ಬಾಣಲೆಯ ಮೇಲೆ ಹಬೆ ಹೀರುವ ಗೂಡು ಮತ್ತು ಎಕ್ಸಾಸ್ಟ್ ಫ್ಯಾನ್ ಇರಲಿ, ಒಲೆಯ ಹೊಗೆ ಕೊಳವೆ ಛಾವಣಿಗಿಂತ ಮೇಲಿರಲಿ. ಪ್ಯೂಪಾ ಮತ್ತು ತ್ಯಾಜ್ಯವನ್ನು ಕೆಲಸದ ಕೊಠಡಿಯಲ್ಲಿ ರಾಶಿ ಹಾಕಬೇಡಿ. ನೆಲವನ್ನು ಒಣ ಪೊರಕೆಯಿಂದ ಗುಡಿಸದೆ ಒದ್ದೆ ಬಟ್ಟೆಯಿಂದ ಒರೆಸಿ. ಉಬ್ಬಸ ಕಂಡವರಿಗೆ ಗೂಡು ಬೇಯಿಸುವ, ಎಳೆ ಹುಡುಕುವ ಕೆಲಸ ಕೊಡಬೇಡಿ. ಕೂಲಿ ಕಳೆದುಕೊಳ್ಳುವ ಭಯದಿಂದಲೇ ಅನೇಕರು ದಮ್ಮು ಮುಚ್ಚಿಡುತ್ತಾರೆ. ಘಟಕದ ಮಾಲೀಕರು ಅಂಥವರಿಗೆ ಬೇರೆ ಕೆಲಸ ಹೊಂದಿಸಿಕೊಡುವುದು ಧರ್ಮವೂ ಹೌದು, ಅನುಭವಿ ಕೈಗಳನ್ನು ಉಳಿಸಿಕೊಳ್ಳುವ ದಾರಿಯೂ ಹೌದು.

(3) ಹುಳು ಸಾಕಣೆ: ಸೋಂಕು ನಿವಾರಕವನ್ನು ಶಿಫಾರಸು ಮಾಡಿದ ಪ್ರಮಾಣದಲ್ಲಿ, ಪೂರ್ಣ ಮೈ ಮುಚ್ಚಿ, ಆವಿ ತಡೆಯುವ ಮುಖವಾಡ ಧರಿಸಿ ಸಿಂಪಡಿಸಿ. ಧೂಳಿನ ಮಾಸ್ಕ್ ಫಾರ್ಮಾಲಿನ್ ಆವಿಯನ್ನು ತಡೆಯದು. ಫಾರ್ಮಾಲಿನ್ ಮತ್ತು ಬ್ಲೀಚಿಂಗ್ ಪೌಡರನ್ನು ಎಂದೂ ಒಟ್ಟಿಗೆ ಬೆರೆಸಬಾರದು. ಸಿಂಪಡಿಸಿದ ಮನೆಯಲ್ಲಿ ಮಲಗಬಾರದು. ಆಸ್ತಮಾ ಇದ್ದವರು ಈ ಕೆಲಸವನ್ನು ಬೇರೆಯವರಿಗೆ ಬಿಡುವುದು ಲೇಸು.

(4) ಹುಲ್ಲು, ಧಾನ್ಯ: ರಾಗಿ ಹುಲ್ಲನ್ನು ಚೆನ್ನಾಗಿ ಒಣಗಿಸಿ, ತೇವಾಂಶ ನೂರಕ್ಕೆ 15ಕ್ಕೆ ಇಳಿದ ಮೇಲೆ ಬಣವೆ ಒಟ್ಟಿ. ಮಳೆಗೆ ನೆಂದ ಹೊರೆಗಳನ್ನು ಬೇರೆಯಿಡಿ. ಬೂಷ್ಟು ಹಿಡಿದುದನ್ನು ತುಸು ನೀರು ಚಿಮುಕಿಸಿ ತೆಗೆದು ಗೊಬ್ಬರದ ಗುಂಡಿಗೆ ಹಾಕಿ. ದನಗಳಿಗೂ ಅದು ಒಳ್ಳೆಯದಲ್ಲ. ಒಕ್ಕಣೆ, ತೂರುವಿಕೆ, ಕಡಲೆಕಾಯಿ ಸುಲಿಯುವಾಗ ಗಾಳಿ ಬೀಸುವ ದಿಕ್ಕಿಗೆ ಬೆನ್ನು ಮಾಡಿ ನಿಲ್ಲಿ.

(5) ಮುಖವಾಡ: ಮುಖಕ್ಕೆ ಸುತ್ತಿದ ಟವೆಲ್ ದಪ್ಪ ಧೂಳನ್ನಷ್ಟೇ ತಡೆಯುತ್ತದೆ. ಸೂಕ್ಷ್ಮ ಧೂಳಿಗೆ ಎನ್-95 ಮಾಸ್ಕ್ ಮೂಗಿಗೆ ಬಿಗಿಯಾಗಿ ಕೂರುವಂತಿರಬೇಕು. ಕಲ್ಲು ಕೊರೆಯುವಲ್ಲಿ ಅದಕ್ಕಿಂತ ಮುಖ್ಯವಾದುದು ನೀರು ಬಿಟ್ಟು ಕೊರೆಯುವುದು.

(6) ಬೀಡಿ, ಸಿಗರೇಟು: ಯಾವ ವಯಸ್ಸಿನಲ್ಲಿ ಬಿಟ್ಟರೂ ಲಾಭವಿದೆ. ಸಿ.ಓ.ಪಿ.ಡಿ. ಇದ್ದವರಿಗೆ ಇದಕ್ಕಿಂತ ದೊಡ್ಡ ಔಷಧಿಯಿಲ್ಲ.

ತಡಮಾಡದೆ ಆಸ್ಪತ್ರೆಗೆ ಒಯ್ಯಬೇಕಾದ ಲಕ್ಷಣಗಳು: ಒಂದು ವಾಕ್ಯ ಪೂರ್ತಿ ಆಡಲಾಗದಷ್ಟು ದಮ್ಮು, ತುಟಿ ಅಥವಾ ಉಗುರು ನೀಲಿಗಟ್ಟುವುದು, ಮಂಪರು, ಇನ್‌ಹೇಲರ್ ಬಳಸಿದರೂ ಇಳಿಯದ ಉಬ್ಬಸ, ಕೆಮ್ಮಿನಲ್ಲಿ ರಕ್ತ.

ವಿಸ್ತರಣಾ ಕಾರ್ಯಕರ್ತರಿಗೆ ಒಂದು ಮಾತು

ಹೊಲಕ್ಕೆ, ಹುಳು ಮನೆಗೆ ಭೇಟಿ ಕೊಟ್ಟಾಗ ಕೆಮ್ಮುವವರನ್ನು ಕಂಡರೆ ನಾಲ್ಕು ಪ್ರಶ್ನೆ ಕೇಳಿ. ಕೆಮ್ಮು ಎಷ್ಟು ದಿನದಿಂದ? ಜ್ವರ, ತೂಕ ಇಳಿಕೆ ಇದೆಯೇ? ರಜೆಯಲ್ಲಿ ಕಡಿಮೆಯಾಗುತ್ತದೆಯೇ? ಒಲೆ, ಬೀಡಿ, ಕಲ್ಲು, ಗೂಡು, ಇವುಗಳಲ್ಲಿ ಯಾವುದರೊಡನೆ ಎಷ್ಟು ವರ್ಷ ಕಳೆದಿದ್ದಾರೆ? ಉತ್ತರಗಳನ್ನು ಒಂದು ಚೀಟಿಯಲ್ಲಿ ಬರೆದು ಅವರ ಕೈಗೆ ಕೊಟ್ಟು ಸರ್ಕಾರಿ ಆಸ್ಪತ್ರೆಗೆ ಕಳುಹಿಸಿ. ವೈದ್ಯರಿಗೆ ಆ ಚೀಟಿ ಅರ್ಧ ಕೆಲಸ ಉಳಿಸುತ್ತದೆ.

ಬೆಳೆಗೆ ಬಂದ ರೋಗದಿಂದ ಒಂದು ಹಂಗಾಮು ಹೋಗಬಹುದು, ಮುಂದಿನ ಹಂಗಾಮಿನಲ್ಲಿ ಮತ್ತೆ ಬಿತ್ತಬಹುದು. ಹಾಳಾದ ಗಾಳಿಚೀಲಕ್ಕೆ ಮುಂದಿನ ಹಂಗಾಮು ಇಲ್ಲ. ಆದುದರಿಂದ ಕೆಮ್ಮನ್ನು ಕಡೆಗಣಿಸದೆ, ಯಾವ ರೋಗವೆಂದು ತಿಳಿದು, ಅದಕ್ಕೆ ತಕ್ಕ ಉಪಚಾರ ಪಡೆದು, ಮೂಲದಲ್ಲೇ ಧೂಳು ಹೊಗೆಗಳನ್ನು ತಗ್ಗಿಸಿದಲ್ಲಿ ರೈತ ಕುಟುಂಬಗಳು ಈ ರೋಗಗಳಿಂದಾಗುವ ನಷ್ಟದ ಬಹುಭಾಗವನ್ನು ತಪ್ಪಿಸಬಹುದು.